ಮಡೆಪ್ಪನ ತಿಥಿ

“ಈ ಹೆಣ್ಮಗಳನ್ನ ಮೊದಲ ಹೊರಗ ಹಾಕ್ರಿ!”

ಕಾಶೀರಾಮ ಪಂಡಿತರು ಕೂಗಿದರು. ಯಾರೂ ಬರಲಿಲ್ಲ. ಸಂಬಳ ನಿಂತ ಮೇಲೆ ಜವಾನರು ಊರು ಸೇರಿದ್ದರು. ಕೋಣೆಯಲ್ಲಿ ಉಳಿದವರು ಪಂಡಿತರು, ಬೀಗ ಹಿಡಿದು ಬಂದ ಮಿಲಿಟರಿ ಅಧಿಕಾರಿ, ಮತ್ತು ಬಾಗಿಲಿಗೆ ಅಡ್ಡ ಕೂತ ಚಂದ್ರಭಾಗಾ. ಔರಾದ ಕಡೆಯ ಚಿಂತಾಕಿಯವಳು, ಕುರಿಗಾರ ಮಡೆಪ್ಪನ ಹೆಂಡತಿ. ಕೈಯಲ್ಲಿ ಬಳೆ ಇನ್ನೂ ಇದ್ದವು. ಕಣ್ಣಲ್ಲಿ ಬೇಡುವವರ ದೈನ್ಯ ಇರಲಿಲ್ಲ, ಸಿಟ್ಟಿತ್ತು.

ಬೀದರದ ಕಾಲ ಅಕಾಡೆಮಿಗೆ ಜನ ಇಟ್ಟ ಹೆಸರು ವಕ್ತ್ ಮನೆ. ನಿಜಾಮರ ಆಳ್ವಿಕೆಯಲ್ಲಿ ಕಚೇರಿಗೊಂದು ತಾರೀಖು, ಮಸೀದಿಗೊಂದು, ಹಬ್ಬಕ್ಕೊಂದು, ರೈಲಿಗೊಂದು. ನಾಲ್ಕನ್ನೂ ಹೊಂದಿಸಿ ಹೇಳುವುದು, ಹಳೆಯ ನೆರಳು ಗಡಿಯಾರ, ಹೊತ್ತು ಅಳೆಯುವ ನೀರಿನ ಬಟ್ಟಲುಗಳನ್ನು ಕಾಪಾಡುವುದು, ಕಾಲದ ಬಗ್ಗೆ ಪಾಠ ಹೇಳುವುದು ಈ ಮನೆಯ ಕೆಲಸ. ಪಂಡಿತರಾಗಲಿ ಮೌಲವಿಗಳಾಗಲಿ, ಎಲ್ಲರಿಗೂ ಒಂದೇ ಉಡುಪು: ಕರಿ ಶೇರ್ವಾನಿ, ಎದೆಯ ಮೇಲೆ ಹಿತ್ತಾಳೆ ಬಿಲ್ಲೆ, ಕೆಂಪು ರೂಮಿ ಟೋಪಿ. ಪೊಲೀಸ್ ಕಾರ್ಯಾಚರಣೆ ಮುಗಿದು ಸರಕಾರ ಬದಲಾದ ಮೇಲೆ ಕಾಶೀರಾಮರ ತಲೆಗೆ ಬಿಳಿ ಟೋಪಿ ಬಂತು. ಊರಿಗೆ ಊರೇ ಟೋಪಿ ಬದಲಿಸಿದಾಗ ಅವರೊಬ್ಬರನ್ನೇ ಆಡಿಕೊಂಡು ಏನು ಪ್ರಯೋಜನ?

ಅಧಿಕಾರಿ ಧಾರವಾಡ ಕಡೆಯವರು. ಅವರಿಗೆ ಈ ಮನೆಯನ್ನು ಕಂಡರೆ ಆಗುತ್ತಿರಲಿಲ್ಲ. ಕಾರಣವಿತ್ತು. ಮಡೆಪ್ಪ ಗಡಿಯಾಚೆಯ ಹೋರಾಟಗಾರರಿಗೆ ಗುಟ್ಟಾಗಿ ಸುದ್ದಿ ಮುಟ್ಟಿಸುತ್ತಿದ್ದವನು. ಕಳೆದ ಶ್ರಾವಣದಲ್ಲಿ ರಜಾಕಾರರು ಅವನ ಬೆನ್ನು ಹತ್ತಿದಾಗ ದಾರಿ ತೋರಿಸುತ್ತ ಮುಂದೆ ನಡೆದವನ ಎದೆಯ ಮೇಲೆ ವಕ್ತ್ ಮನೆಯ ಬಿಲ್ಲೆ ಹೊಳೆದದ್ದನ್ನು ಜನ ದೂರದಿಂದ ಕಂಡಿದ್ದರು. ಮುಖ ಕಂಡಿರಲಿಲ್ಲ. ಕುರಿಗಳು ಮನೆಗೆ ಬಂದವು, ಮಡೆಪ್ಪ ಬರಲಿಲ್ಲ. ಸತ್ತನೋ, ಗಡಿ ದಾಟಿದನೋ, ಊರಿಗೆ ತಿಳಿಯದು.

ಆ ಬಿಲ್ಲೆಯ ಗುಮಾನಿಯ ಮೇಲೆ, ಈ ಮನೆಯಲ್ಲಿ ಹಿಜರಿ ತಾರೀಖು ನೋಡುತ್ತಿದ್ದ ಮಕ್ಸೂದ ಜೈಲು ಸೇರಿದ. ಆ ದಿನ ಅವನು ಕೆಲಸಕ್ಕೆ ಬಂದಿರಲಿಲ್ಲ, ತಾನು ಮಾತ್ರ ದಿನವಿಡೀ ನೀರಿನ ಬಟ್ಟಲಿನ ಮುಂದೆ ಕೂತಿದ್ದೆ ಎಂದು ಹೇಳಿಕೆ ಕೊಟ್ಟವರು ಕಾಶೀರಾಮ ಪಂಡಿತರು. ಇಬ್ಬರಿಗೂ ಮೊದಲಿನಿಂದ ಎಣ್ಣೆ ಸೀಗೆಕಾಯಿ.

“ಒಂದ ತಿಥಿ ಹೇಳ್ರಿ ಪಂಡಿತ್ರ, ಹೋಗ್ತೇನಿ,” ಎಂದಳು ಚಂದ್ರಭಾಗಾ. “ಎಡಿ ಇಲ್ದ ಅವನ ಜೀವ ಹಸಗೊಂಡು ತಿರಗ್ತದರಿ.”

“ಕಾಣೆ ಆದವಗ ಹನ್ನೆರಡು ವರ್ಷ ಕಾಯಬೇಕು. ಶಾಸ್ತ್ರ ಅದ.”

“ಭಾಲ್ಕ್ಯಾಗೂ ಹಿಂಗ ಅಂದ್ರು. ಔರಾದದಾಗೂ ಹಿಂಗ ಅಂದ್ರು.”

“ಮತ್ತ ಇಲ್ಲಿಗ್ಯಾಕ ಬಂದಿ? ಕೇಳೂದಿದ್ರ ಜೈಲಿಗೆ ಹೋಗಿ ಆ ಮಕ್ಸೂದನ್ನ ಕೇಳು.”

“ಕೇಳಿ ಬಂದೀನ್ರಿ. ಯಾವ ದಿನ ಹೋದ ಅಂದ. ನಾಗರ ಪಂಚಮಿ ದಿನ ಮುಂಜಾನಿ ಕುರಿ ಹೊಡಕೊಂಡು ಹೋದ ಅಂದೆ. ಹಂಗಾದ್ರ ಪಂಚಮಿಗೇ ಇಡವ್ವ ಅಂದ.”

ಪಂಡಿತರ ಕಿವಿ ಕೆಂಪಾಯಿತು. “ಮಕ್ಸೂದ! ಅವಗೇನ ಗೊತ್ತು ತಿಥಿ?”

ಬೈದರೆ ತಡೆದುಕೊಳ್ಳುತ್ತಿದ್ದರು, ತಪ್ಪು ತಿಥಿ ಮಾತ್ರ ಅವರಿಗೆ ಸಹನವಾಗುತ್ತಿರಲಿಲ್ಲ. ಒಂದು ಮದುವೆಯಲ್ಲಿ ಪುರೋಹಿತರ ಜೊತೆ ಜಗಳ ತೆಗೆದು, ಬಡಿಸಿದ ಎಲೆ ಬಿಟ್ಟು ಎದ್ದು ಬಂದ ಮಹಾನುಭಾವರು. ಆ ಊಟ ಚೆನ್ನಾಗಿತ್ತೆಂದು ಆಮೇಲೆ ಎಲ್ಲರೂ ಹೇಳಿದರು.

“ನೀವು ಹೇಳಂಗಿಲ್ಲ ಅಂದ್ಮ್ಯಾಗ ಪಂಚಮಿಗೇ ಇಡ್ತೇನಿ,” ಎಂದು ಚಂದ್ರಭಾಗಾ ಎದ್ದಳು. “ವಕ್ತ್ ಮನ್ಯಾಗಿನ ಕಾಶೀರಾಮ ಪಂಡಿತ್ರೇ ಹೇಳ್ಯಾರ ಅಂತ ಊರಾಗೆಲ್ಲ ಹೇಳ್ತೇನಿ.”

“ನನ್ನ ಹೆಸರು ಎತ್ತಿದ್ರ ನಾಲಿಗಿ ಕಿತ್ತೇನು!”

ಅಧಿಕಾರಿ ಬೇಸರದಿಂದ ಬೀಗ ಕೈಗೆತ್ತಿಕೊಂಡರು. “ಹೋಗ್ಲಿ ಬಿಡ್ರಿ ಪಂಡಿತ್ರ. ಪಂಚಮಿ ಆದ್ರೇನು, ಮರುದಿನ ಆದ್ರೇನು? ಸತ್ತಾಂವ ಬಂದು ಪಂಚಾಂಗ ನೋಡ್ತಾನೇನು? ಇಷ್ಟಕ್ಕ ಒಂದು ಅಕಾಡೆಮಿ ಬೇಕ?”

ಬದುಕಿಡೀ ಕಾಪಾಡಿದ ಮನೆಗೆ ಬೀಗ ಬೀಳುವ ಹೊತ್ತು. ಎದುರಿಗೆ ಇಂಥ ಮಾತು. ಪಂಡಿತರು ಮೇಜು ಗುದ್ದಿದರು.

“ಮರುದಿನ ಅಲ್ರೀ, ಅದ ದಿನ! ಆದ್ರ ಪಂಚಮಿ ಅಲ್ಲ! ಪಂಚಮಿ ಮಧ್ಯಾಹ್ನಕ್ಕ ಮುಗದಿತ್ತು. ಇವನ ಪ್ರಾಣ ಹೋಗೂವಾಗ ಹೊತ್ತು ಇಳದಿತ್ತು, ಷಷ್ಠಿ ಹತ್ತಿತ್ತು. ಪ್ರಾಣ ಹೋದ ಗಳಿಗಿಗೆ ಯಾವ ತಿಥಿನೋ ಅದ ತಿಥಿ. ಇಷ್ಟು ತಿಳಿಯದವರು ವಕ್ತ್ ಮನಿಗೆ ಬೀಗ ಹಾಕ್ಲಿಕ್ಕ ಬಂದೀರಿ! ಏ ಬಾಯಿ, ಷಷ್ಠಿಗೇ ಇಡು. ಹೋಗು!”

ಚಂದ್ರಭಾಗಾ ಹೋಗಲಿಲ್ಲ. ಅಧಿಕಾರಿ ಬೀಗವನ್ನು ಮೆಲ್ಲಗೆ ಮೇಜಿನ ಮೇಲೆ ಇಟ್ಟರು.

“ಹೊತ್ತು ಇಳದಿತ್ತು ಅಂತ ನಿಮಗ್ಯಾರ ಹೇಳಿದ್ರು?”

ಪಂಡಿತರು ಚಂದ್ರಭಾಗಾಳ ಕಡೆ ಕೈ ತೋರಿಸಿದರು. “ಇಕೀನ... ಈಗ ಹೇಳಿದಳಲ್ಲ...”

“ಮುಂಜಾನಿ ಹೋದ ಅಂದಳು. ಅಷ್ಟ ಅಂದಳು. ಅಂವ ಸತ್ತಾನೋ ಇದ್ದಾನೋ ಅನ್ನೂದ ಊರಿಗೆ ಗೊತ್ತಿಲ್ಲ.”

ಅಧಿಕಾರಿ ಹೊರಗೆ ನಿಂತಿದ್ದ ತಮ್ಮ ಸಿಪಾಯಿಯನ್ನು ಕರೆದು ಬಾಗಿಲಲ್ಲಿ ನಿಲ್ಲಿಸಿದರು. ಆಮೇಲೆ ಚಂದ್ರಭಾಗಾಳ ಕಡೆ ತಿರುಗಿದರು. ಅವರ ದನಿ ಮೆತ್ತಗಾಗಿತ್ತು.

“ಅಂತೂ ನಿನಗ ಬೇಕಾದ ತಿಥಿ ಸಿಕ್ಕಿತಲ್ಲವ್ವ.”

“ನನ್ನ ಗಂಡನ ತಿಥಿ ನನಗ ಗೊತ್ತದರಿ ಸಾಹೇಬ್ರ, ಅವತ್ತ ಸಂಜಿಗೆ ಯಾರಿಗೂ ತಿಳೀದಂಗ ನಾನ ಮಣ್ಣ ಮಾಡೀನಿ,” ಎಂದಳು ಚಂದ್ರಭಾಗಾ. “ಅದು ಮತ್ತ್ಯಾರಿಗೆ ಗೊತ್ತದ ಅಂತ ಕೇಳ್ಲಿಕ್ಕ ಬಂದಿದ್ದೆ.”