ಕತ್ತರಿಸಿದ ಮೂರು ನಿಮಿಷ

"ಪುತಾ, ನಿನಗೆ ಇಟಲಿಯ ಸಿನಿಮಾ ಬಂದಿದೆ. ಒಡೆದು ನೋಡಿದೆ," ಎಂದು ಮಾವ ಎಡ್ವರ್ಡ್ ಫೋನಿನಲ್ಲಿ ಕೂಗಿದಾಗ ಫ್ಲಾಯ್ಡ್ ಕೊಲ್ಲಿ ದೇಶದ ಸಿಲಿಕಾನ್ ಓಯಸಿಸ್ ಬಡಾವಣೆಯ ತನ್ನ ಕಟ್ಟಡದ ಲಿಫ್ಟಿನಲ್ಲಿದ್ದ. ಪಕ್ಕದಲ್ಲೇ ಮೇರಿ ಮಾತೆಯ ಪ್ರತಿಮೆಯನ್ನು ಎದೆಗೊತ್ತಿಕೊಂಡು ಪ್ರಾರ್ಥನೆ ನಡೆಸುವ ಲೂರ್ದ್ ಬಾಯಿ ನಿಂತಿದ್ದರು. ಅಕ್ಟೋಬರ್ ತಿಂಗಳಿಡೀ ಮನೆಯಿಂದ ಮನೆಗೆ ಸಾಗುವ ಜಪಸರದ ಪ್ರಾರ್ಥನೆ ಇವತ್ತು ಅವನ ಮನೆಯಲ್ಲೇ.

ಫ್ಲಾಯ್ಡ್ ತಟ್ಟನೆ ಫೋನಿನ ಸದ್ದು ತಗ್ಗಿಸಿದ. ಆ ಸಿನಿಮಾದ ನಿರ್ದೇಶಕನ ಚಿತ್ರಗಳಲ್ಲಿ ಬಟ್ಟೆಗೆ ಕೆಲಸ ಕಡಿಮೆ. ಹಳೆಯ ರೀಲುಗಳನ್ನು ತೊಳೆದು, ಬಣ್ಣ ಸರಿಪಡಿಸಿ, ಕತ್ತರಿ ಬಿದ್ದ ದೃಶ್ಯಗಳನ್ನೆಲ್ಲ ಸೇರಿಸಿ ಹೊಸ ಡಿಸ್ಕ್ ಬಿಟ್ಟಿದ್ದಾರೆಂದು ತಿಳಿದು, ಹೆಂಡತಿ ಟೀನಾಗೆ ಗೊತ್ತಾಗದಂತೆ, ಲಂಡನ್ನಿನಿಂದ ಬರುವ ಗೆಳೆಯ ಶಹೀರ್ ಕೈಲಿ ತರಿಸಿದ್ದ. ಆ ಪುಣ್ಯಾತ್ಮ ಮನೆಗೇ ಕೊಟ್ಟು ಹೋಗಿದ್ದಾನೆ! ವಿಸಿಟ್ ವೀಸಾದಲ್ಲಿ ಬಂದಿರುವ ಮಂಗಳೂರಿನ ಮಾವ ಬಿಡುತ್ತಾರೆಯೇ? ಪರದೇಶದಿಂದ ಯಾರು ಏನು ತಂದರೂ ಆಗಲೇ ಬಿಚ್ಚಿ ಹಂಚುವ ಮನೆತನ ಅವರದು.

ಫ್ಲಾಯ್ಡ್ ಲಿಫ್ಟಿನಿಂದ ಮನೆಯೊಳಕ್ಕೆ ಓಡಿದ. ಟೀನಾ ಅಡುಗೆಮನೆಯಲ್ಲಿದ್ದಳು. ಮಾತೆಗೆಂದು ಬಿಳಿ ಬಟ್ಟೆ ಹಾಸಿದ ಮೇಜಿನ ಮೇಲೆ ಡಿಸ್ಕಿನ ಪೆಟ್ಟಿಗೆಯಿಟ್ಟು ಎಡ್ವರ್ಡ್ ಭೂತಗನ್ನಡಿಯಲ್ಲಿ ಓದುತ್ತಿದ್ದರು.

"ಮಾವ, ಅದು... ಕಲಾತ್ಮಕ ಸಿನಿಮಾ..."

"ಎಂತ ಕಲಾತ್ಮಕ ಮಾರಾಯಾ! ಮುಂಬಯಿಯ ಟಾಕೀಸಿನಲ್ಲಿ ಇದನ್ನು ಎಂಟು ವಾರ ಓಡಿಸಿದ ಆಪರೇಟರ್ ನಾನು. ಎಲ್ಲ ಸೀನೂ ಉಂಟು ಅಂತ ಬರ್ದಿದ್ದಾರೆ. ಆ ಸ್ನಾನದ ಮೂರು ನಿಮಿಷ ಉಂಟಾ ನೋಡ್ಬೇಕು. ಪೊಲೀಸರು ಬರ್ತಾರಂತ ಹೆದರಿ ನಾನೇ ಕತ್ತರಿಸಿದ್ದು."

ಬಾಗಿಲಲ್ಲಿ ಲೂರ್ದ್ ಬಾಯಿ ಕಾಣಿಸಿದರು. ಎಡ್ವರ್ಡ್ ಪೆಟ್ಟಿಗೆಯನ್ನು ಕುರ್ಚಿಯ ಮೇಲಿಟ್ಟು ಅದರ ಮೇಲೆಯೇ ಕುಳಿತುಬಿಟ್ಟರು. ಜಪಸರ ಶುರುವಾಗಿ ಎಲ್ಲರೂ ಮೊಣಕಾಲೂರಿದರೂ ಅವರು ಏಳಲಿಲ್ಲ.

"ಪಾಪ, ಕಾಲುನೋವಾ?" ಎಂದರು ಲೂರ್ದ್ ಬಾಯಿ. ಎಡ್ವರ್ಡ್ ದೀನವಾಗಿ ತಲೆಯಾಡಿಸಿದರು. ಫ್ಲಾಯ್ಡ್ ನಗು ತಡೆಯಲಾರದೆ ಕರವಸ್ತ್ರ ಕಚ್ಚಿಕೊಂಡ. ಇಷ್ಟು ದಿನ ಹೆದರುತ್ತಿದ್ದ ಮಾವನ ಮೇಲೆ ಅವನಿಗೆ ಪ್ರೀತಿ ಉಕ್ಕಿತು.

ಜಪಸರದ ಐದು ರಹಸ್ಯಗಳಲ್ಲಿ ಮೂರನೆಯದನ್ನು ಜಪಿಸುವ ಹೊತ್ತಿಗೆ ಅವನು ಮೆಲ್ಲನೆ ಕೇಳಿದ, "ಆ ತುಂಡು ಎಲ್ಲಿ ಹೋಯಿತು ಮಾವ?"

ಎಡ್ವರ್ಡ್ ಮಣಿ ಸರಿಸುತ್ತಲೇ ಪಿಸುಗುಟ್ಟಿದರು, "ಊರಲ್ಲಿ, ನಮ್ಮ ಮನೆಯ ದೇವರ ಅಲ್ತಾರಿನ ಮೇಲೆ, ಬಿಸ್ಕತ್ ಡಬ್ಬಿಯಲ್ಲಿ. ವೇಳಾಂಕಣಿ ಮಾತೆಯ ಕ್ಷೇತ್ರದ ಮಣ್ಣು, ಮುಚ್ಚಳ ತೆಗೀಬೇಡ ಅಂತ ಹೇಳಿದ್ದೆ. ನಿನ್ನ ಅತ್ತೆ ನಲ್ವತ್ತು ವರ್ಷದಿಂದ ಅದಕ್ಕೆ ದಿನಾ ಕ್ಯಾಂಡಲ್ ಹಚ್ತಾಳೆ."