ಹಾರ ಹಾಕಿದ ಫೋಟೋ

ಹೊಸ ನಿರ್ದೇಶಕ ಏಳನೇ ಸಲ "ಕಟ್" ಎಂದು ಕಿರುಚಿದ. ಧಾರಾವಾಹಿ ಅವನ ಕೈಗೆ ಬಂದು ಎರಡೇ ದಿನವಾಗಿತ್ತು.

"ರೀ, ನೀವು ಜಗಳಕ್ಕೆ ಬಂದಿರೋ ಬೀಗರು. ಈ ಮನೆ ಸೊಸೆ ಮುಖ ನೋಡಿ ಬೈರಿ ಅಂದ್ರೆ, ಕಣ್ಣು ಪದೇ ಪದೇ ಗೋಡೆ ಕಡೆ ಯಾಕೆ ಹೋಗುತ್ತೆ?"

"ಆ ಫೋಟೋ ತೆಗೆಸಿಬಿಡಿ ಸಾರ್," ಎಂದರು ಹಿರಿಯ ನಟ.

"ಕಥೇಲಿ ಹೋದ ತಿಂಗಳು ಸತ್ತ ಅಜ್ಜನ ಫೋಟೋ ಅದು. ಹಾರದ ಸಮೇತ ಅಲ್ಲೇ ಇರ್ಬೇಕು. ಇಲ್ದಿದ್ರೆ ನೋಡೋರು ಉಗೀತಾರೆ."

"ಅದರ ಮುಂದೆ ನಂಗೆ ಮಾತೇ ಹೊರಡ್ತಿಲ್ಲ."

"ಯಾವ ವೇಷಕ್ಕೂ ಸೈ ಅಂತ ಮ್ಯಾನೇಜರ್ ನಿಮ್ಮನ್ನ ಹೊಗಳಿ ಕಳ್ಸಿದಾನೆ. ನಾಚ್ಕೆ ಆಗಲ್ವಾ? ಆ ಅಜ್ಜನ ಪಾರ್ಟ್ ಮಾಡಿದೋರ ಎಪಿಸೋಡೆಲ್ಲಾ ಕೂತು ನೋಡಿದೀನಿ. ಅದು ಕಣ್ರೀ ನಟನೆ! ಅವರ ಕಾಲಿನ ಧೂಳಿಗೂ ನೀವು ಸಮ ಅಲ್ಲ."

ಸೊಸೆಯ ಪಾತ್ರದಾಕೆ ತಡೆಯಲಾರದೆ, "ಸಾರ್, ಅವರು..." ಎಂದಳು.

"ನೀವು ಸುಮ್ನಿರಮ್ಮ!" ನಿರ್ದೇಶಕ ನಟರ ತೋಳು ಹಿಡಿದೆಳೆದು ಗೋಡೆಯ ಮುಂದೆ ನಿಲ್ಲಿಸಿದ. "ಮೊದಲು ಆ ಮಹಾನುಭಾವರಿಗೆ ಕೈ ಮುಗೀರಿ. ಆಮೇಲೇ ಮುಂದಿನ ಟೇಕು."

ನಟರು ತಲೆಯ ಮೇಲಿದ್ದ ಕರಿ ವಿಗ್ಗು ತೆಗೆದರು. ಅಂಟಿಸಿದ್ದ ದಪ್ಪ ಮೀಸೆಯನ್ನು ಚರ್ರೆಂದು ಕಿತ್ತು ನಿರ್ದೇಶಕನ ಅಂಗೈಯಲ್ಲಿಟ್ಟರು.

"ನನ್ನ ಫೋಟೋಗೆ ನಾನೇ ಹ್ಯಾಗಯ್ಯಾ ಕೈ ಮುಗೀಲಿ?"