ಬು ರುಮಿನಿ ಹೆಣ್ಣು ನೋಡಿದ್ದು

ಬು ರುಮಿನಿ ಮೇಣದ ಪೆನ್ನನ್ನು ಬೇಕೆಂದೇ ತಲೆಕೆಳಗಾಗಿ ಹಿಡಿದರು. ಬಿಸಿ ಮೇಣ ಬಿಳಿ ಬಟ್ಟೆಯ ನಟ್ಟನಡುವೆ ತೊಟ್ಟಿಕ್ಕಿತು. ಕಪ್ಪು ಕನ್ನಡಕದೊಳಗಿಂದ ಕಲಿಸುವ ಹುಡುಗಿಯ ಮುಖವನ್ನು ಕದ್ದು ನೋಡಿದರು. ಅವಳ ಹುಬ್ಬು ಕೂಡ ಅಲ್ಲಾಡಲಿಲ್ಲ.

"ಪರವಾಗಿಲ್ಲ ಬು, ಮೊದಲನೇ ಸಲ ಎಲ್ಲರಿಗೂ ಹೀಗೇ ಆಗುತ್ತೆ," ಎಂದಳು ರಾರಸ್. ಹಿರಿಯ ಹೆಂಗಸರನ್ನು ಅಲ್ಲಿ 'ಬು' ಎಂದೇ ಕರೆಯುವುದು.

ಮೊದಲನೇ ಸಲವಂತೆ! ಪೆಕಲೊಂಗನ್ ಊರಿನಲ್ಲಿ ನಲವತ್ತೆರಡು ವರ್ಷದಿಂದ ಬಟ್ಟೆಯ ಮೇಲೆ ಬಾಟಿಕ್ ಚಿತ್ತಾರ ಬರೆಯುತ್ತಿರುವ ಕೈ ಅದು. ಅವರು ಇಟ್ಟ ಚುಕ್ಕಿಗಳನ್ನು ಎಣಿಸಲು ಹೋದವರು ಕನ್ನಡಕದ ನಂಬರು ಬದಲಾಯಿಸಿಕೊಂಡಿದ್ದಾರೆ. ಇವತ್ತು ಮಾತ್ರ ಅವರು ಬೊರ್ನಿಯೊದಿಂದ ಜೊಗ್ಜಾಕ್ಕೆ ಪ್ರವಾಸ ಬಂದ ನಿವೃತ್ತ ಟೀಚರು. ಬಣ್ಣ ಹತ್ತಿದ ಉಗುರುಗಳನ್ನು ಮುಚ್ಚಲು ಕೆಂಪು ಪಾಲಿಶ್, ಬಸ್ ನಿಲ್ದಾಣದಲ್ಲಿ ಕೊಂಡ ಸ್ತೂಪದ ಚಿತ್ರದ ಟೀ ಶರ್ಟು, ತಲೆಗೆ ಹುಲ್ಲಿನ ಟೋಪಿ. ಕನ್ನಡಿಯಲ್ಲಿ ನೋಡಿಕೊಂಡಾಗ ಅವರಿಗೇ ನಾಚಿಕೆಯಾಗಿತ್ತು.

ಎಲ್ಲ ಒಬ್ಬನೇ ಮಗ ಜಾತ್ಮಿಕೊನಿಂದಾಗಿ. ಮದುವೆಯಾಗು ಎಂದು ಮೂರು ವರ್ಷ ಗೋಗರೆದ ಮೇಲೆ ಮಹಾರಾಯ ಹೋದ ವಾರ ಊಟದ ಮಧ್ಯೆ ಬಾಯಿ ಬಿಟ್ಟಿದ್ದ. "ಒಬ್ಬಳಿದ್ದಾಳಮ್ಮ. ಜೊಗ್ಜಾದಲ್ಲಿ ಹಸಿರು ಗೇಟಿನ ಮನೇಲಿ ಬಾಟಿಕ್ ಕ್ಲಾಸ್ ನಡೆಯುತ್ತಲ್ಲ, ಶನಿವಾರ ಶನಿವಾರ ಅಲ್ಲಿರ್ತಾಳೆ. ಮುಂದಿನ ವಾರ ಕರ್ಕೊಂಡು ಬರ್ತೀನಿ, ಆಗ ನೋಡು." ಅಷ್ಟು ಹೇಳಿ ಮೀನಿನ ಮುಳ್ಳು ಬಿಡಿಸುತ್ತ ಕೂತುಬಿಟ್ಟ. ಹೆಸರು ಕೇಳಿದರೂ ಹೇಳಲಿಲ್ಲ.

ಬಾಟಿಕ್ ಕಲಿಸುವ ಹುಡುಗಿ! ಬು ರುಮಿನಿಗೆ ಸಂತೋಷವೂ ಆಯಿತು, ಅನುಮಾನವೂ ಆಯಿತು. ಅತ್ತೆಯಿಂದ ತಮಗೆ ಬಂದ ಮೇಣದ ಬಾಣಲೆಯ ಮುಂದೆ ನಾಳೆ ಕೂರುವವಳು ಎಂಥವಳೋ ಏನೋ. ಮನೆ ತೋರಿಸಲು ಕರೆತಂದ ದಿನ ಎಲ್ಲ ಹುಡುಗಿಯರೂ ತಲೆ ತಗ್ಗಿಸಿಯೇ ಕೂರುತ್ತಾರೆ. ಗುಣ ಗೊತ್ತಾಗಬೇಕಾದರೆ ಸತಾಯಿಸಿ ನೋಡಬೇಕು.

ಸತಾಯಿಸಿದರು. "ಬ್ರಷ್‌ನಲ್ಲಿ ಬಳಿದ್ರೆ ಬೇಗ ಆಗಲ್ವೇನಮ್ಮ? ಇದಕ್ಕೆ ಮಿಶಿನ್ ಬಂದಿಲ್ವಾ?" ಎಂದು ಕೇಳಿ, ಒಳಗೊಳಗೇ ಅತ್ತೆಯ ಕ್ಷಮೆ ಬೇಡಿದರು.

"ಬಂದಿದೆ ಬು. ಆದ್ರೆ ಅದರ ಮುಂದೆ ಕೂತು ಹರಟೆ ಹೊಡೆಯಕ್ಕಾಗಲ್ವಲ್ಲ," ಎಂದು ರಾರಸ್ ನಕ್ಕಳು.

ಬು ರುಮಿನಿ ಮನಸ್ಸಿನಲ್ಲೇ ಹತ್ತು ಅಂಕ ಕೊಟ್ಟರು.

ತೊಂದರೆಯಿದ್ದದ್ದು ಪಕ್ಕದಲ್ಲಿ. ಆಚೆ ಬಾಣಲೆಯ ಡಚ್ ದಂಪತಿ ಬರೆಯುವುದಕ್ಕಿಂತ ಹೆಚ್ಚು ಫೋಟೊ ತೆಗೆದುಕೊಳ್ಳುತ್ತಿದ್ದರು, ಅವರ ಪಾಡಿಗೆ ಅವರು. ಈಚೆ ಬಾಣಲೆಯಲ್ಲಿ ಬು ರುಮಿನಿಯ ಜೊತೆಗೆ ಕೂತಿದ್ದವಳು ಟಿಯುರ್ಮ, ಮೇದಾನ್ ಕಡೆಯ ಬಟಾಕ್ ಜನಾಂಗದವಳು. ಪಿಸುಗುಟ್ಟಿದರೂ ಬೀದಿಗೆ ಕೇಳಿಸುವ ಗಂಟಲು. ಅವಳು ಬರೆದ ಹಕ್ಕಿ ನೋಡಿ ಬು ರುಮಿನಿಯ ಕೈ ತುರಿಸತೊಡಗಿತು.

"ಹಕ್ಕಿಗೆ ಐದು ಕಾಲೇನೆ?"

"ಎರಡೇ ಬು. ಮಿಕ್ಕ ಮೂರು ಸೋರಿದ್ದು. ನಮ್ಮ ಕಡೆ ನೇಯ್ತೀವಿ, ಹೀಗೆ ಬರೆಯಲ್ಲ. ಇದು ನಾಲ್ಕನೇ ಕ್ಲಾಸು ನೋಡಿ."

"ಹಾಗಾದ್ರೆ ಈ ಕರ್ಮ ಯಾಕೆ?"

"ಒಬ್ಬರಿಗೆ ಉಡುಗೊರೆ ಕೊಡ್ಬೇಕು. ಅಂಗಡಿದು ಕೊಟ್ರೆ ಮೂಗು ಮುರೀತಾರಂತೆ."

"ಆಫೀಸಿನ ಸಾಹೇಬರಾ?"

"ಸಾಹೇಬರಿಗೂ ಅಪ್ಪ ಅಂತಿಟ್ಕೊಳ್ಳಿ."

"ಏನು ಜಂಭ! ಅಂಥವರನ್ನ ನನ್ನ ಮುಂದೆ ತಂದು ನಿಲ್ಲಿಸು, ನೀರಿಳಿಸ್ತೀನಿ."

ಟಿಯುರ್ಮ ನಕ್ಕ ರಭಸಕ್ಕೆ ಡಚ್ಚರ ಫೋಟೊ ಅಲುಗಿತು. ರಾರಸ್ ಆ ಕಡೆ ತಿರುಗಿದ್ದೇ ತಡ, ಬು ರುಮಿನಿ ತಡೆಯಲಾರದೆ "ಕೊಡೇ ಇಲ್ಲಿ" ಎಂದು ಪೆನ್ನು ಕಿತ್ತುಕೊಂಡರು. ಅದರ ಮೂತಿಗೆ ಉಫ್ ಎಂದು ಊದಿದರು. ಎಡ ಅಂಗೈಯನ್ನು ಬಟ್ಟೆಯ ಕೆಳಗೆ ಕೊಟ್ಟರು. ಮೂರು ಹೆಚ್ಚುವರಿ ಕಾಲು ನೋಡುನೋಡುತ್ತಿದ್ದಂತೆ ಬಳ್ಳಿಯಾಗಿ ಅಂಚಿನತ್ತ ಹರಿಯಿತು.

"ಮೇಣ ಹೊಗೆಯಾಡಿದ್ರೆ ಹರಡುತ್ತೆ, ತಣ್ಣಗಾದ್ರೆ ಬಟ್ಟೆಗೆ ಇಳಿಯಲ್ಲ. ಈಗ ಹಿಡಿ. ಉಸಿರು ಬಿಡ್ಬೇಡ. ಬಾಯಿ ಮುಚ್ಚು, ಅದು ಮುಖ್ಯ."

"ಟೀಚರಾಗಿದ್ದವರು ಇದೆಲ್ಲ ಎಲ್ಲಿ ಕಲಿತ್ರಿ ಬು?"

"ಟೀವಿಲಿ."

ಮಧ್ಯಾಹ್ನದ ಹೊತ್ತಿಗೆ ಟಿಯುರ್ಮಳ ಬಟ್ಟೆ ತುಂಬಿತ್ತು. ಅರ್ಧ ಅವಳದು, ಅರ್ಧ ಇವರದು. ಕೈ ಸುಟ್ಟುಕೊಂಡರೂ ಬಿಡದೆ ಕೂತ ಅವಳ ಹಠ, ಕೇಳದೆಯೇ ತನ್ನ ಕರಿದ ಸೋಯಾ ತೆಂಪೆಯಲ್ಲಿ ಪಾಲು ಕೊಟ್ಟ ರೀತಿ ಬು ರುಮಿನಿಗೆ ಹಿಡಿಸಿತು. ಆದರೆ ಅವರು ಬಂದ ಕೆಲಸ ಬೇರೆ. ಇನ್ನು ಮುಚ್ಚಿಡುವುದು ಅವರಿಂದಾಗಲಿಲ್ಲ. ಎದ್ದು ಟೋಪಿ, ಕನ್ನಡಕ ತೆಗೆದರು. ಕೈಯ ಚಿನ್ನದ ಬಳೆ ಎಳೆದು ರಾರಸ್‌ಳ ಕೈಗೆ ಬಲವಂತವಾಗಿ ತುರುಕಿದರು.

"ಪಾಸಾದೆ ಮಗಳೇ! ನಾನು ಪೆಕಲೊಂಗನ್ನಿನ ರುಮಿನಿ, ಜಾತ್ಮಿಕೊ ತಾಯಿ. ನನಗೆ ಪೂರ್ತಿ ಒಪ್ಪಿಗೆ."

"ಜಾತ್ಮಿಕೊ ಅಂದ್ರೆ... ಯಾರು ಬು?"

"ಅಯ್ಯೋ, ನನ್ನ ಹತ್ರ ಎಂಥ ನಾಚಿಕೆ!"

"ಬು, ನನಗೆ ಮದುವೆಯಾಗಿ ಎಂಟು ವರ್ಷವಾಯ್ತು. ನಮ್ಮೆಜಮಾನ್ರು ಹಿಂದುಗಡೆ ಬಣ್ಣ ಕುದಿಸ್ತಿದಾರೆ."

ಮೊಣಕೈವರೆಗೆ ನೀಲಿಯಾಗಿದ್ದ ಗಂಡಸೊಬ್ಬ ಬಾಗಿಲಲ್ಲಿ ಇಣುಕಿ, "ಕರೆದ್ಯಾ?" ಎಂದ.

ಬು ರುಮಿನಿ ಬಳೆಯನ್ನು ವಾಪಸು ಎಳೆದರು. ಅದು ಬರಲಿಲ್ಲ. "ಮತ್ತೆ ಶನಿವಾರ ಶನಿವಾರ ಇಲ್ಲಿರೋ ಹುಡುಗಿ ಯಾರು?" ಎಂದು ಅಳುಮುಖ ಮಾಡಿದರು. ಬೆಳಗಿನಿಂದ ಕ್ಷಣವೂ ನಿಲ್ಲದ ಆ ದೊಡ್ಡ ಗಂಟಲು ಸದ್ದಿಲ್ಲದೆ ನಿಂತಿದೆ ಎಂದು ಅವರಿಗೆ ಆಗಲೇ ಹೊಳೆದದ್ದು.

ಟಿಯುರ್ಮ ಕೆಂಪೇರಿದ ಮುಖ ತಗ್ಗಿಸಿ, ಮೇಣ ಇನ್ನೂ ಆರದ ಬಟ್ಟೆಯನ್ನು ಎರಡೂ ಕೈಯಲ್ಲಿ ಅವರ ಮುಂದೆ ಹಿಡಿದಿದ್ದಳು. "ಇದು ನಿಮಗೇ ಅಂತ ಮಾಡಿದ್ದು ಬು... ಅರ್ಧ ನೀವೇ ಬರೆದುಕೊಟ್ರಿ ಅಂತ ಮಾತ್ರ ಜಾತ್ಮಿಕೊಗೆ ಹೇಳ್ಬೇಡಿ."